ಕೆಂಚ ನೀರು ಕುಡಿದ ಬೇಸಿಗೆ

ಯಲಹಂಕ ಓಲ್ಡ್ ಟೌನಿನಲ್ಲಿ ಶಿವರಾತ್ರಿ ಹತ್ತಿರ ಬಂದಾಗ ರಸ್ತೆ ಬದಿಗೆ ಮಡಕೆಗಳು ಬರುತ್ತವೆ. ಮೊನ್ನೆ ಬ್ಲೌಸಿನ ಲೈನಿಂಗ್ ಬಟ್ಟೆ ತರಲು ಹೋದವಳು ಅಲ್ಲಿ ಸುಮ್ಮನೆ ನಿಂತೆ. ಕೊಳ್ಳುವ ಯೋಚನೆ ಇರಲಿಲ್ಲ. ಮಾರುವ ಹೆಂಗಸು ಒಂದು ಮಡಕೆಯನ್ನು ಬೆರಳಿನ ಗೆಣ್ಣಿನಿಂದ ತಟ್ಟಿ ಕೇಳಿಸಿದಳು. ಆಮೇಲೆ, ಸೋರುವುದಿಲ್ಲ ನೋಡಿ ಎಂದು ಅದಕ್ಕೆ ಒಂದು ಚೊಂಬು ನೀರು ಹುಯ್ದಳು. ಒಣಮಣ್ಣು ನೀರು ಎಳೆದುಕೊಳ್ಳುವಾಗ ಏಳುವ ವಾಸನೆ ನೇರವಾಗಿ ಮುಖಕ್ಕೆ ಬಂತು.

“ತಗೊಳಮ್ಮ. ಮನೇಲಿ ಎಷ್ಟ್ ಜನ ಇದ್ದೀರಾ? ಅದಕ್ಕೆ ತಕ್ಕಂಗೆ ಸೈಜ್ ಕೊಡ್ತೀನಿ,” ಅಂದಳು.

ಮಗಳು ರಮ್ಯ ಮದುವೆಯಾಗಿ ಆರ್.ಟಿ. ನಗರದಲ್ಲಿದ್ದಾಳೆ. ನಮ್ಮನೆಯವರು ಹೋಗಿ ಮೂರು ವರ್ಷವಾಗುತ್ತಾ ಬಂತು. ನಾಯಿ ಕೆಂಚ ಈ ಚಳಿಗಾಲದಲ್ಲಿ ಹೋದ. ಆಮೇಲೆ ಬರ್ತೀನಿ ಎಂದು ಹೇಳಿ ಬಂದುಬಿಟ್ಟೆ. ಆದರೆ ಆ ವಾಸನೆ ಬಟ್ಟೆಯ ಕವರಿನ ಜೊತೆ ಮನೆಯವರೆಗೂ ಬಂತು. ಒಂದು ಬೇಸಿಗೆಯಿಡೀ ನಮ್ಮನೆಯಲ್ಲಿ ಇದ್ದದ್ದು ಅದೇ ವಾಸನೆ.

ಮುನಿರಾಜು ಎಂದು ನಮ್ಮನೆಯವರ ಹೆಸರು. ಬಾಯಲ್ಲಿ ಯಾವತ್ತೂ ಹೇಳಿದವಳಲ್ಲ, ಬರೆಯುವಾಗಲಾದರೂ ಒಂದು ಸಲ ಬರೆಯುತ್ತೇನೆ. ದೊಡ್ಡಬಳ್ಳಾಪುರ ರಸ್ತೆಯಲ್ಲಿ ಅವರದು ಮೋಟಾರ್ ವೈಂಡಿಂಗ್ ಅಂಗಡಿ. ಸುಟ್ಟುಹೋದ ಬೋರ್‌ವೆಲ್ ಮೋಟಾರಿನ ಹೊಟ್ಟೆಯಿಂದ ಕರಕಲಾದ ತಾಮ್ರದ ತಂತಿ ಕಿತ್ತು, ಹೊಸ ತಂತಿ ಸುತ್ತಿ, ಮತ್ತೆ ನೀರು ಎತ್ತುವಂತೆ ಮಾಡಿ ಕಳಿಸುವುದು ಅವರ ಕೆಲಸ. ಹಾಗೆ ಕಿತ್ತ ತಂತಿಯ ರಾಶಿಯ ಮೇಲೆ ಒಂದು ದಿನ ಬೀದಿ ನಾಯಿಯ ಮರಿಯೊಂದು ಬಂದು ಮಲಗಿತ್ತಂತೆ. ತಂತಿಯ ಬಣ್ಣವೂ ಮರಿಯ ಬಣ್ಣವೂ ಒಂದೇ ಆಗಿ ಸಂಜೆ ಅಂಗಡಿ ಗುಡಿಸುವವರೆಗೂ ಯಾರ ಕಣ್ಣಿಗೂ ಬೀಳಲಿಲ್ಲವಂತೆ. ಕೆಂಚ ಎಂಬ ಹೆಸರು ಹಾಗೆ ಬಂತು. ಅಂಗಿಯ ಒಳಗೆ ಇಟ್ಟುಕೊಂಡು ಮನೆಗೆ ತಂದರು.

ಸಕ್ಕರೆ ಕಾಯಿಲೆ ಅವರಿಗೆ ಮೊದಲಿಂದಲೂ ಇತ್ತು. ಅದು ಮೆಲ್ಲಗೆ ಕಿಡ್ನಿಗೆ ಬಂತು. ನಾನು ಹೇಳುತ್ತಿರುವ ಬೇಸಿಗೆಯ ಹೊತ್ತಿಗೆ ಡಯಾಲಿಸಿಸ್ ಅಭ್ಯಾಸವಾಗಿಹೋಗಿತ್ತು. ವಾರಕ್ಕೆ ಮೂರು ಸಲ ಹೋಗಬೇಕು. ಎಡಗೈಯಲ್ಲಿ ಸೂಜಿ ಚುಚ್ಚುವ ಜಾಗ ಹಗ್ಗದ ಗಂಟಿನ ಹಾಗೆ ಉಬ್ಬಿಕೊಂಡಿತ್ತು. ಊಟದ ಪಥ್ಯ ಅವರಿಗೆ ಕಷ್ಟವಾಗಲಿಲ್ಲ. ಕಷ್ಟವಾಗಿದ್ದು ನೀರು. ಕಿಡ್ನಿ ನೀರನ್ನು ಹೊರಗೆ ಹಾಕುವುದಿಲ್ಲವಾದ್ದರಿಂದ ಕುಡಿದದ್ದೆಲ್ಲ ಮೈಯಲ್ಲೇ ನಿಲ್ಲುತ್ತದೆ, ಕಾಲು ಊದುತ್ತದೆ, ಉಸಿರಿಗೆ ಬರುತ್ತದೆ. ದಿನಕ್ಕೆ ಒಂದು ಬಾಟಲಿ ಎಂದು ಡಾಕ್ಟರು ಹೇಳಿದ್ದರು. ಬೆಳಿಗ್ಗೆ ನಾನು ಒಂದು ಬಾಟಲಿ ತುಂಬಿಸಿ ಇಡುತ್ತಿದ್ದೆ. ಕಾಫಿಯಾದರೂ, ಮಜ್ಜಿಗೆಯಾದರೂ ಅಷ್ಟು ನೀರನ್ನು ಅದರಿಂದಲೇ ಚೆಲ್ಲಿ ಕಳೆಯಬೇಕು. ಮುದ್ದೆಗೆ ಸಾರು ಗಟ್ಟಿ. ಎಳನೀರಂತೂ ಕಣ್ಣಲ್ಲೂ ನೋಡುವಂತಿಲ್ಲ. ಸಂಜೆ ಹೊತ್ತಿಗೆ ಬಾಟಲಿಯ ತಳದಲ್ಲಿ ಎರಡು ಗುಟುಕು ಉಳಿದಿರುತ್ತಿತ್ತು. ಅದನ್ನು ಮಲಗುವ ಮುಂಚಿನ ಮಾತ್ರೆಗೆ ಕಾಯ್ದುಕೊಳ್ಳುತ್ತಿದ್ದರು.

ಮಡಕೆ ತರಿಸಿದ್ದು ಅವರೇ. ಅದರ ಮುಚ್ಚಳ ತೆಗೆದು ಬಗ್ಗಿ ಮೂಸುತ್ತಿದ್ದರು.

“ಕುಡೀಬಾರ್ದು ಅಂದವ್ರೆ. ಮೂಸಬಾರ್ದು ಅಂದಿಲ್ಲವಲ್ಲ,” ಅನ್ನುತ್ತಿದ್ದರು.

ಆ ವರ್ಷ ಸಂಕ್ರಾಂತಿಯ ಆಸುಪಾಸಿನಲ್ಲಿ ನಮ್ಮ ತಿರುವಿನಲ್ಲಿ ಒಂದು ಬೈಕು ಕೆಂಚನ ತಲೆಗೆ ಬಡಿದು ಹೋಯಿತು. ಒಂದು ದಿನ ಮಂಕಾಗಿ ಮಲಗಿದ್ದ. ಮಾರನೆಯ ದಿನ ಎದ್ದು ಊಟ ಮಾಡಿದ. ರಕ್ತ ಬಂದಿರಲಿಲ್ಲ, ಕಾಲು ಮುರಿದಿರಲಿಲ್ಲ. ದೇವರು ದೊಡ್ಡವನು ಎಂದುಕೊಂಡು ಸುಮ್ಮನಾದೆವು.

ಕೆಲವು ವಾರ ಕಳೆದ ಮೇಲೆ ಅವನು ನೀರು ಕುಡಿಯಲು ಶುರು ಮಾಡಿದ. ಶುರು ಮಾಡಿದ ಎಂದರೆ, ನಿಲ್ಲಿಸಲೇ ಇಲ್ಲ. ಬಟ್ಟಲು ಖಾಲಿ ಮಾಡಿ ಬಕೆಟ್ಟಿಗೆ ಬಾಯಿ ಹಾಕಿದ. ಬಟ್ಟೆ ಒಗೆಯುವ ಕಲ್ಲಿನ ಗುಂಡಿಯಲ್ಲಿ ನಿಂತದ್ದು, ತುಳಸಿ ಕಟ್ಟೆಗೆ ಹಾಕಿದ್ದು, ಮೇಲಿನ ಮನೆಯ ಏಸಿಯಿಂದ ತೊಟ್ಟಿಕ್ಕುವುದು, ಯಾವುದನ್ನೂ ಬಿಡಲಿಲ್ಲ. ಕುಡಿದಷ್ಟೂ ಉಚ್ಚೆ. ಬುದ್ಧಿವಂತ ನಾಯಿ, ಮನೆಯೊಳಗೆ ಯಾವತ್ತೂ ಗಲೀಜು ಮಾಡಿದವನಲ್ಲ. ಈಗ ಮಲಗಿದ ಗೋಣಿಚೀಲವೇ ನೆನೆದಿರುತ್ತಿತ್ತು. ಎದ್ದು ಅದನ್ನು ನೋಡಿ, ಕಿವಿ ಹಿಂದಕ್ಕೆ ಹಾಕಿ, ಗೋಡೆ ಕಡೆ ಮುಖ ಮಾಡಿ ನಿಲ್ಲುತ್ತಿದ್ದ. ಬಟ್ಟೆಯಲ್ಲಿ ಒರೆಸಿದರೆ ಅದಕ್ಕೆ ಬಣ್ಣವೂ ಇಲ್ಲ, ವಾಸನೆಯೂ ಇಲ್ಲ. ನಲ್ಲಿ ನೀರು ಚೆಲ್ಲಿದ ಹಾಗೆ.

ನಮ್ಮನೆಯವರು ಒಂದು ಸಂಜೆ ಅವನ ಪಕ್ಕ ಕೂತು ತುಂಬ ಹೊತ್ತು ನೋಡಿದರು. ಆಮೇಲೆ ಅಂದರು, “ಇವನ್ದೂ ಕಿಡ್ನಿ ಹೋಯ್ತು ಕಣೇ ಪದ್ಮಾ.”

ಕಿಡ್ನಿಯ ವಿಷಯದಲ್ಲಿ ನಮ್ಮನೆಗೆ ಗೊತ್ತಿದ್ದದ್ದು ಒಂದೇ ಪಾಠ. ನೀರು ಕಡಿಮೆ ಮಾಡಬೇಕು. ಅದನ್ನು ಅವರು ದಿನಾ ನಾಲಿಗೆಯ ಮೇಲೆ ಕಲಿಯುತ್ತಿದ್ದರು. ಮಾರನೆಯ ಬೆಳಿಗ್ಗೆ ನಾನು ಅವರ ಬಾಟಲಿ ತುಂಬುವಾಗ ಇನ್ನೊಂದು ಬಾಟಲಿ ತಂದು ಪಕ್ಕದಲ್ಲಿಟ್ಟರು. “ಇದು ಕೆಂಚಂದು. ಬಕೆಟ್ಟೆಲ್ಲಾ ಕವುಚಿ ಹಾಕು. ಬಚ್ಚಲು ಬಾಗಿಲು ಹಾಕಿರ್ಲಿ.”

“ಮೂಕ ಪ್ರಾಣಿ ರೀ,” ಅಂದೆ.

“ಅದಕ್ಕೇ ಹೇಳ್ತಿರೋದು. ನನಗಾದ್ರೆ ಕಾಲು ಊದಿದ್ರೆ ಹೇಳೋಕೆ ಬಾಯಿದೆ. ಇವನೇನು ಮಾಡ್ತಾನೆ?”

ಆ ಎರಡು ದಿನ ಇಬ್ಬರೂ ಹಿತ್ತಲ ಮೆಟ್ಟಿಲ ಮೇಲೆ ಕೂತಿರುತ್ತಿದ್ದರು. ಅವರು ಲೋಟದಲ್ಲಿ ಅರ್ಧ ಕುಡಿದರೆ ಅವನ ಬಟ್ಟಲಿಗೂ ಅರ್ಧ ಲೋಟ. “ನಿಧಾನ ಮಗಾ. ಬಾಯಲ್ಲಿ ಸ್ವಲ್ಪ ಹೊತ್ತು ಇಟ್ಕೋಬೇಕು. ನಾನು ಕಲ್ತಿಲ್ವಾ, ನೀನೂ ಕಲೀತೀಯ,” ಎಂದು ಹೇಳಿಕೊಡುತ್ತಿದ್ದರು. ಅವನು ಬಟ್ಟಲು ನೆಕ್ಕಿ ನೆಕ್ಕಿ ಗೋಡೆಯವರೆಗೆ ತಳ್ಳಿಕೊಂಡು ಹೋಗುತ್ತಿದ್ದ. ನೀರು ಕೊಡದಿದ್ದರೂ ಉಚ್ಚೆ ಮಾತ್ರ ನಿಲ್ಲಲಿಲ್ಲ. ಇಷ್ಟು ನೀರು ಎಲ್ಲಿಂದ ಬರುತ್ತದೆ ಎಂದು ನಮಗೆ ಆಶ್ಚರ್ಯ. ಅವನ ಮೈಯಿಂದಲೇ ಬರುತ್ತಿತ್ತು.

ಮೂರನೆಯ ಬೆಳಿಗ್ಗೆ ಕೆಂಚ ಏಳಲಿಲ್ಲ. ಎತ್ತಿ ನಿಲ್ಲಿಸಿದರೆ ಕಾಲುಗಳು ಬೇರೆ ಬೇರೆ ಕಡೆ ಹೋದವು. ಕಣ್ಣು ಒಳಕ್ಕೆ ಹೋಗಿತ್ತು, ಒಸಡು ಮುಟ್ಟಿದರೆ ಬೆರಳಿಗೆ ಅಂಟುತ್ತಿತ್ತು. ರಮ್ಯ ಆಗ ಹೆಬ್ಬಾಳದ ಒಂದು ಆಫೀಸಿನಲ್ಲಿ ಲೆಕ್ಕದ ಕೆಲಸ ಮಾಡುತ್ತಿದ್ದಳು. ಆಫೀಸಿಗೆ ಹೊರಟಿದ್ದವಳು ಬ್ಯಾಗು ಬಿಸಾಕಿ ಆಟೋ ಕರೆದಳು. ನಮ್ಮನೆಯವರಿಗೆ ಅವತ್ತು ಡಯಾಲಿಸಿಸ್ ದಿನ. ಮಧ್ಯಾಹ್ನ ಹೋದರೆ ಆಯ್ತು ಎಂದು ಅವರೂ ಹತ್ತಿ ಕೂತರು. ಜಕ್ಕೂರು ದಾಟಿ ಹೆಬ್ಬಾಳದ ಫ್ಲೈಓವರ್ ಕೆಳಗೆ ಗಾಡಿಗಳು ನಿಂತುಬಿಟ್ಟಾಗ ಕೆಂಚ ಅವರ ತೊಡೆಯ ಮೇಲೆ ನಡುಗುತ್ತಿದ್ದ. ಅವರು ಅವನ ಕಿವಿಯನ್ನು ಎರಡು ಬೆರಳಲ್ಲಿ ಹಿಡಿದುಕೊಂಡಿದ್ದರು.

ಪ್ರಾಣಿಗಳ ಆಸ್ಪತ್ರೆಯಲ್ಲಿ ನೋಡಿದವರು ಒಬ್ಬ ಹೆಂಗಸು ಡಾಕ್ಟರು. ಕೆಂಚನ ಚರ್ಮ ಎಳೆದು ಬಿಟ್ಟು ನೋಡಿದರು. ಅದು ಹಾಗೇ ನಿಂತಿತು.

“ನೀರು ಕುಡೀತಾ ಇದಾನಾ?”

“ತುಂಬಾ ಕುಡೀತಿದ್ದ ಮೇಡಂ. ನಾನು ಅಳತೆ ಮಾಡಿ ಕೊಡ್ತಿದ್ದೀನಿ,” ಅಂದರು ನಮ್ಮನೆಯವರು. ಹೇಳುವಾಗ ಸ್ವಲ್ಪ ಹೆಮ್ಮೆಯೂ ಇತ್ತು ದನಿಯಲ್ಲಿ. “ಒಂದು ಬಾಟಲಿ ಮೇಲೆ ಕೊಟ್ಟಿಲ್ಲ.”

ಡಾಕ್ಟರು ಏನೋ ಹೇಳಲು ತಲೆಯೆತ್ತಿದವರು ಅವರ ಎಡಗೈ ನೋಡಿದರು. ಉಬ್ಬಿದ ಜಾಗ, ಅದರ ಮೇಲಿನ ಪಟ್ಟಿ.

“ಡಯಾಲಿಸಿಸ್ಸಾ ಸರ್?”

“ಹೂಂ.”

“ಸರ್, ನಿಮ್ಮದು ಬೇರೆ, ಇವನ್ದು ಬೇರೆ. ನಿಮಗೆ ನೀರು ಹೊರಗೆ ಹೋಗಲ್ಲ. ಇವನಿಗೆ ಒಳಗೆ ನಿಲ್ಲಲ್ಲ. ನೀವು ಕೊಡದೇ ಇದ್ರೂ ಅದು ಹೋಗ್ತಾನೇ ಇರುತ್ತೆ. ಇನ್ನೊಂದು ದಿನ ಆಗಿದ್ದಿದ್ರೆ ಇವನು ಇರ್ತಿರಲಿಲ್ಲ.”

ನಮ್ಮನೆಯವರು ಕೂರಲು ಜಾಗ ಹುಡುಕಿದರು. ನಾನು ತೋಳು ಹಿಡಿದು ಬೆಂಚಿನ ಮೇಲೆ ಕೂರಿಸಿದೆ.

ಅವತ್ತೆಲ್ಲ ಡ್ರಿಪ್ ಹಾಕಿ, ರಕ್ತ ನೋಡುತ್ತಾ ನೋಡುತ್ತಾ ನಿಧಾನವಾಗಿ ನೀರು ಕೊಟ್ಟರು. ಅಷ್ಟು ಒಣಗಿದ ಮೇಲೆ ಒಂದೇ ಸಲ ತುಂಬಿದರೆ ಮೆದುಳು ಊದಿಕೊಳ್ಳುತ್ತದಂತೆ. ಮುಂದಿನ ದಿನಗಳಲ್ಲಿ ಒಂದೊಂದಾಗಿ ಪರೀಕ್ಷೆ ಆಯಿತು. ಸಕ್ಕರೆ ಇಲ್ಲ. ಸೋಂಕು ಇಲ್ಲ. ಕಿಡ್ನಿ ಚೆನ್ನಾಗಿದೆ. ಕೊನೆಗೆ ಡಾಕ್ಟರು ಕಾಯಿಲೆಯ ಹೆಸರು ಹೇಳಿದರು, ಡಯಾಬಿಟಿಸ್ ಇನ್ಸಿಪಿಡಸ್. ಮೊದಲನೆಯ ಮಾತು ಕೇಳಿ ನಮ್ಮನೆಯವರ ಮುಖ ಬಾಡಿತು. ಹೆಸರಲ್ಲಿ ಮಾತ್ರ ಸರ್, ಸಕ್ಕರೆಗೂ ಇದಕ್ಕೂ ಸಂಬಂಧವಿಲ್ಲ ಎಂದು ಡಾಕ್ಟರು ಬಿಡಿಸಿ ಹೇಳಿದರು. ಮೆದುಳಿನ ಕೆಳಗೆ ಒಂದು ಪುಟ್ಟ ಗ್ರಂಥಿ ಇದೆ. ನೀರನ್ನೆಲ್ಲ ಬಿಡಬೇಡ, ಸ್ವಲ್ಪ ಹಿಡಿದುಕೋ ಎಂದು ಕಿಡ್ನಿಗೆ ಹೇಳಿಕಳಿಸುವ ರಸ ಅಲ್ಲಿಂದ ಬರಬೇಕು. ಅದು ಬರದಿದ್ದರೆ ಕಿಡ್ನಿ ಎಲ್ಲವನ್ನೂ ಬಿಟ್ಟುಬಿಡುತ್ತದೆ. ತಲೆಗೆ ಬಿದ್ದ ಪೆಟ್ಟಿನಿಂದಲೇ ಆಗಿರಬಹುದು.

ನಮ್ಮನೆಯವರು ಯೋಚಿಸಿ ಕೇಳಿದರು, “ಅಂದ್ರೆ ಮೋಟಾರ್ ಚೆನ್ನಾಗಿದೆ. ಆಫ್ ಮಾಡೋ ಸ್ವಿಚ್ಚಿಗೆ ವೈರ್ ಕಟ್ಟಾಗಿದೆ. ಟ್ಯಾಂಕ್ ತುಂಬಿ ಚೆಲ್ತಾನೇ ಇದೆ.”

ಡಾಕ್ಟರು ನಕ್ಕರು. “ಹೆಚ್ಚು ಕಡಿಮೆ ಹಾಗೇ ಸರ್. ಇದನ್ನ ಖಚಿತ ಮಾಡ್ಕೊಳೋಕೆ ನೀರು ನಿಲ್ಲಿಸಿ ನೋಡೋ ಒಂದು ಪರೀಕ್ಷೆ ಇದೆ. ಅಪಾಯ ಅಂತ ನಾವೇ ಆಸ್ಪತ್ರೇಲಿ ಇಟ್ಕೊಂಡು ಹೆದರ್ಕೊಂಡು ಮಾಡ್ತೀವಿ. ನೀವು ಮನೇಲೇ ಮಾಡಿ ಮುಗಿಸಿದೀರ.”

ಔಷಧಿ ಮನುಷ್ಯರ ಮೂಗಿಗೆ ಬಿಡುವ ತೊಟ್ಟು. ಇವನಿಗೆ ಕಣ್ಣಿಗೆ, ಬೆಳಿಗ್ಗೆ ಸಂಜೆ. ಫ್ರಿಜ್ಜಿನಲ್ಲಿಡಬೇಕು. ಅದು ಹಿಡಿದರೆ ತೊಂದರೆ ಮೆದುಳಿನ ಕಡೆಯದು ಎಂದರ್ಥ, ಹಿಡಿಯದಿದ್ದರೆ ಕಿಡ್ನಿಗೇ ಹೇಳಿದ್ದು ಕೇಳಿಸುತ್ತಿಲ್ಲ ಎಂದರ್ಥ. ಹಾಗಾದರೆ ಕಷ್ಟ. ಹೊರಡುವಾಗ ಡಾಕ್ಟರು ಬಾಗಿಲವರೆಗೆ ಬಂದು ಹೇಳಿದ್ದು ಇಷ್ಟು: “ಒಂದು ಹೊತ್ತು ಔಷಧಿ ತಪ್ಪಿದ್ರೂ ಬದುಕ್ತಾನೆ. ನೀರು ತಪ್ಪಬಾರದು. ಊಟ, ನೀರು ಎರಡೂ ಮುಂದಿಟ್ರೆ ಇವನು ನೀರಿಗೇ ಹೋಗೋದು. ಅಷ್ಟು ದಾಹ ಇರುತ್ತೆ.”

ಮನೆಗೆ ಬಂದವರೇ ನಮ್ಮನೆಯವರು ಹಿತ್ತಲಿನ ಕಲ್ಲಿನ ಬಾನಿಯನ್ನು ತಿಕ್ಕಿ ತೊಳೆದರು. ನಮ್ಮತ್ತೆ ಹಸು ಕಟ್ಟುತ್ತಿದ್ದ ಕಾಲದ್ದು ಅದು. ಉಸಿರು ಕಟ್ಟುತ್ತಿದ್ದರೂ ನನಗೆ ಬಿಡಲಿಲ್ಲ. ಅಂಚಿನವರೆಗೆ ನೀರು ತುಂಬಿಸಿ, “ಕುಡಿ ಮಗಾ. ಇನ್ನು ನಿನ್ನ ಯಾರೂ ಕೇಳಲ್ಲ,” ಅಂದರು.

ತೊಟ್ಟು ಬಿಡುವುದೂ ಅವರದೇ ಕೆಲಸವಾಯಿತು. ಕೂದಲಿನಷ್ಟು ಸಣ್ಣ ತಂತಿ ಸುತ್ತಿದ ಕೈ, ತೊಟ್ಟು ಎಣಿಸಿ ಬಿಡುತ್ತಿತ್ತು. ಕೆಂಚನೂ ತಲೆಯೆತ್ತಿ ಕಾಯುವುದನ್ನು ಕಲಿತ. ನಾಲ್ಕೈದು ದಿನ ಏನೂ ಆಗಲಿಲ್ಲ. ಹಿಡಿಯಲಿಲ್ಲವೇನೋ ಎಂದು ನಾವು ಒಬ್ಬರ ಮುಖ ಒಬ್ಬರು ನೋಡುವುದನ್ನು ಬಿಟ್ಟೆವು. ಒಂದು ಬೆಳಿಗ್ಗೆ ಹಿತ್ತಲಿನಿಂದ ಅವರು ಕೂಗಿದ ರೀತಿಗೆ ಬಿದ್ದರೇನೋ ಎಂದು ಓಡಿದೆ. ಗೋಡೆಯ ಮೂಲೆಯಲ್ಲಿ ಬಗ್ಗಿ ನಿಂತಿದ್ದರು.

“ವಾಸನೆ ಬರ್ತಿದೆ ಕಣೇ. ಬಣ್ಣನೂ ಬಂದಿದೆ. ಬಾ, ನೋಡು.”

ಅವರ ಅಕ್ಕ ಜಯಮ್ಮ ಅವತ್ತು ಮನೆಗೆ ಬಂದಿದ್ದರು. ರಾಜಾನುಕುಂಟೆಯ ಹತ್ತಿರ ಹಸು ಸಾಕಿಕೊಂಡು, ಸ್ವಲ್ಪ ರಾಗಿ ಬೆಳೆದುಕೊಂಡು ಇರುವವರು. ನಾನು ಅವರನ್ನು ಅತ್ತಿಗೆ ಎನ್ನುತ್ತೇನೆ. ನಾಲಿಗೆ ಚುರುಕು. ಬಾಗಿಲಲ್ಲಿ ನಿಂತು, “ನಾಯಿ ಉಚ್ಚೆ ನಾತಕ್ಕೆ ಇಷ್ಟ್ ಕುಸಿ ಪಡೋನ್ನ ನಾನು ಎಲ್ಲೂ ಕಂಡಿಲ್ಲ ಕಣ್ಲಾ ಮುನಿರಾಜ. ಒಂದು ಸೀಸೇಲಿ ಇಡ್ದಿಟ್ಕೋ,” ಅಂದರು. ನಮ್ಮನೆಯವರು ನಕ್ಕರು. ಡಯಾಲಿಸಿಸ್ ಶುರುವಾದ ಮೇಲೆ ಅವರು ಹಾಗೆ ಮೈ ಕುಲುಕಿ ನಕ್ಕಿದ್ದು ನಾನು ನೋಡಿರಲಿಲ್ಲ.

ಯುಗಾದಿ ಕಳೆಯುವ ಹೊತ್ತಿಗೆ ನೀರಿನ ಕಷ್ಟ ಬಂತು. ನಮ್ಮ ಬೀದಿಯ ಬೋರ್‌ವೆಲ್ಲುಗಳು ಒಂದಾದ ಮೇಲೊಂದು ಗಾಳಿ ಉಗುಳಿದವು. “ಅಣ್ಣ, ಮೋಟಾರ್ ಹೋಗಿದೆ, ಬಂದು ನೋಡಿ,” ಎಂದು ಜನ ಬರುತ್ತಿದ್ದರು. ಅಂಗಡಿ ಆಗಲೇ ಮುಚ್ಚಿತ್ತು, ಆದರೂ ನಮ್ಮನೆಯವರು ಮೆಲ್ಲಗೆ ಹೋಗಿ ಬೋರಿನ ಪೈಪಿಗೆ ಕಿವಿಯಿಟ್ಟು ಕೇಳುತ್ತಿದ್ದರು. “ಮೋಟಾರ್ ಚೆನ್ನಾಗಿದೆ. ಕೆಳಗೆ ನೀರೇ ಇಲ್ಲ,” ಎಂದು ಹೇಳಿ ಬರುತ್ತಿದ್ದರು. ಆ ಮಾತು ಹೇಳಿ ಬಂದ ದಿನ ಅವರಿಗೆ ಊಟ ಸೇರುತ್ತಿರಲಿಲ್ಲ. ಟ್ಯಾಂಕರಿನವರು ಕರೆದರೆ ಬರುವುದನ್ನು ನಿಲ್ಲಿಸಿದರು. ಬಂದ ನೀರು ಸಂಪಿನ ತಳ ಮುಚ್ಚುವಷ್ಟು. ಪಾತ್ರೆ ತೊಳೆದ ನೀರು ಗಿಡಕ್ಕೆ, ಬಟ್ಟೆ ಒಗೆದ ನೀರು ಬಚ್ಚಲಿಗೆ.

ಸರಿಯಾಗಿ ಆಗಲೇ ಕೆಂಚನ ಔಷಧಿ ಎಲ್ಲೂ ಸಿಗದೆ ಹೋಯಿತು. ರಮ್ಯ ಹೆಬ್ಬಾಳ, ಯಶವಂತಪುರ, ಆರ್.ಟಿ. ನಗರ ಎಲ್ಲಾ ಕಡೆ ಕೇಳಿದಳು. ಮುಂದಿನ ವಾರ ಬರುತ್ತದೆ ಎಂಬುದೇ ಉತ್ತರ. ಸೀಸೆ ಮುಗಿದ ದಿನದಿಂದ ಅವನ ದಾಹ ಮೊದಲಿನಂತೆಯೇ ಬಂತು. ನಾವು ಅಡುಗೆಗೆ ಅಳೆದು ಇಟ್ಟದ್ದಕ್ಕಿಂತ ಹೆಚ್ಚು ಅವನೊಬ್ಬನೇ ಕುಡಿದುಬಿಡುತ್ತಿದ್ದ. ಮೇಲಿನ ಮನೆಯವರು ಒಳ್ಳೆಯವರೇ, ಆದರೂ ಒಂದು ದಿನ ಸಂಪಿನ ಮುಚ್ಚಳ ತೆಗೆದು ನೋಡಿ, “ಆಂಟಿ, ನಾವು ಸ್ನಾನ ಬಿಟ್ಟಿದ್ದೀವಿ, ಬಾನಿ ಮಾತ್ರ ತುಂಬಿರುತ್ತೆ,” ಅಂದರು. ಅವರ ಮಾತಿನಲ್ಲಿ ತಪ್ಪೇನಿರಲಿಲ್ಲ.

ಅವತ್ತು ಮಧ್ಯಾಹ್ನ ನಮ್ಮನೆಯವರು ತಮ್ಮ ಬಾಟಲಿಯಲ್ಲಿ ಅರ್ಧವನ್ನು ಬಾನಿಗೆ ಹುಯ್ಯುತ್ತಿದ್ದದ್ದನ್ನು ನಾನು ಕಂಡೆ.

“ನಿಮಗಿರೋದೇ ಅಷ್ಟು.”

“ನನಗೆ ಕಮ್ಮಿ ಆದಷ್ಟೂ ಒಳ್ಳೇದು ಅಂತ ಡಾಕ್ಟ್ರೇ ಹೇಳವ್ರಲ್ಲ.” ಆಮೇಲೆ ಮೆಲ್ಲಗೆ, “ಎರಡು ದಿನ ಅವನು ನನ್ನ ಜೊತೆ ಉಪವಾಸ ಇದ್ದ ಕಣೇ. ಒಂದು ಮಾತು ಕೇಳ್ಲಿಲ್ಲ,” ಅಂದರು.

ಅತ್ತಿಗೆಗೆ ಫೋನ್ ಮಾಡಿದ್ದು ನಾನೇ. ಅವರ ಬೋರ್‌ವೆಲ್ಲಿನಲ್ಲಿ ಇನ್ನೂ ನೀರಿತ್ತು. ಬೈಗುಳ ಬರುತ್ತದೆಂದು ಗೊತ್ತಿತ್ತು. ಬಂತು. “ಜನುಕ್ಕೇ ಕುಡ್ಯಾಕ್ ನೀರಿಲ್ಲ, ನಿಮ್ಮನೇಲಿ ನಾಯಿಗೆ ಓಕುಳಿನಾ? ಬೀದೀಲಿ ಬುಟ್ಬುಡಿ, ಎಲ್ಲಾದ್ರೂ ಕುಡ್ಕೊಂಡು ಬದುಕ್ಕೊಳ್ತದೆ.” ಮಾರನೆಯ ಬೆಳಿಗ್ಗೆ ಹಾಲಿನ ಗಾಡಿಯಲ್ಲಿ ಎರಡು ಕ್ಯಾನು ನೀರು ಬಂದು ಇಳಿಯಿತು. ಅದರ ಮಾರನೆಯ ದಿನವೂ ಬಂತು. ಔಷಧಿ ಸಿಗುವವರೆಗೆ ದಿನಾ ಬಂತು, ದಿನಾ ಫೋನಿನಲ್ಲಿ ಬೈಗುಳವೂ ಬಂತು.

ಸಂಜೆ ಹೊತ್ತು ನಮ್ಮನೆಯವರು ಬಾನಿಯ ಪಕ್ಕಕ್ಕೆ ಪ್ಲಾಸ್ಟಿಕ್ ಕುರ್ಚಿ ಎಳೆದುಕೊಂಡು ಕೂರುತ್ತಿದ್ದರು. ಕೆಂಚ ಬಂದು ಕುಡಿಯುತ್ತಿದ್ದ. ಲಪ್ ಲಪ್ ಎಂದು ಒಂದೇ ಸಮನೆ ಆಗುವ ಆ ಶಬ್ದವನ್ನು ಅವರು ಕಣ್ಣು ಮುಚ್ಚಿ ಕೇಳುತ್ತಿದ್ದರು. ಅವನು ನುಂಗಿದಾಗೆಲ್ಲ ಇವರ ಗಂಟಲೂ ಆಡುತ್ತಿತ್ತು. ಒಂದು ದಿನ ನಾನು ಮಲ್ಲಿಗೆ ಬಿಡಿಸುತ್ತಿದ್ದವಳು ಅದನ್ನು ನೋಡಿ ಕೈ ನಿಲ್ಲಿಸಿದೆ. ಅವರಿಗೆ ಗೊತ್ತಾಯಿತೇನೋ, ಕಣ್ಣು ತೆರೆಯದೆಯೇ, “ಅವನು ಕುಡಿಯೋದು ಕೇಳಿದ್ರೆ ನನ್ನ ಗಂಟ್ಲು ತಣ್ಣಗಾಗುತ್ತೆ,” ಅಂದರು.

ಔಷಧಿ ಸಿಕ್ಕಿತು, ಮಳೆಯೂ ಬಂತು. ಮೊದಲ ಮಳೆಗೆ ಕೆಂಚ ಅಂಗಳದಲ್ಲಿ ನಿಂತು ಬಾಯಿ ತೆರೆದ. ನಮ್ಮನೆಯವರು ಕಿಟಕಿಯಲ್ಲಿ ಕೈಚಾಚಿ ಅಂಗೈಯಲ್ಲಿ ನೀರು ಹಿಡಿದು ಮುಖಕ್ಕೆ ಒರೆಸಿಕೊಂಡರು.

ಆಷಾಢದಲ್ಲಿ ಅವರಿಗೆ ಎದೆಗೆ ನೀರು ಸೇರಿಕೊಂಡಿತು. ಆಸ್ಪತ್ರೆಗೆ ಸೇರಿಸಿದೆವು. ಕೊನೆಯ ದಿನ ಮಾತು ಬಹಳ ಇರಲಿಲ್ಲ. ಬಾಯಿ ತೆರೆದರೆ ನೀರು ಎಂದೇ ಕೇಳುತ್ತಿದ್ದರು. ನರ್ಸಮ್ಮ ಹತ್ತಿಯನ್ನು ನೀರಲ್ಲಿ ಅದ್ದಿ ಕೊಟ್ಟು, “ತುಟಿಗೆ ಮಾತ್ರ ಅಮ್ಮ,” ಅಂದಳು. ನಾನು ತುಟಿಗೆ ಒತ್ತುತ್ತಿದ್ದೆ. ಅವರು ಹತ್ತಿಯನ್ನು ಕಚ್ಚಿ ಹಿಡಿಯುತ್ತಿದ್ದರು, ಬಿಡಿಸಿಕೊಳ್ಳಬೇಕಾಗುತ್ತಿತ್ತು. ಬೆಳಗಿನ ಜಾವ ಹಿಡಿತ ಸಡಿಲವಾಯಿತು.

ಮನೆಗೆ ತಂದು ಮಲಗಿಸಿದ ಮೇಲೆ ಬಂದವರೆಲ್ಲ ತುಳಸಿ ಹಾಕಿದ ನೀರನ್ನು ಅವರ ಬಾಯಿಗೆ ಬಿಟ್ಟರು. ಬಿಡುವ ಒಂದೊಂದು ಚಮಚವೂ ಕೆನ್ನೆಯ ಮೇಲಿಂದ ಇಳಿದು ದಿಂಬು ಸೇರುತ್ತಿತ್ತು. ಇಷ್ಟು ಜನ ಇಷ್ಟು ನೀರು ಕೊಡುತ್ತಿದ್ದಾರಲ್ಲ, ಯಾರೂ ಅಳೆಯುತ್ತಿಲ್ಲವಲ್ಲ ಎಂದು ನಾನು ನೋಡುತ್ತಾ ಕೂತಿದ್ದೆ.

ಸಾವಾದ ಮನೆಯಲ್ಲಿ ಹಿಡಿದಿಟ್ಟ ನೀರು ಇರಬಾರದು ಎಂದು ನಮ್ಮ ಕಡೆ ಶಾಸ್ತ್ರ. ಹೆಣ ಎತ್ತಿದ ಮೇಲೆ ಅತ್ತಿಗೆ ಸೆರಗು ಸಿಕ್ಕಿಸಿಕೊಂಡು ಒಳಗೆ ಹೋದರು. ಕೊಡ, ಬಕೆಟ್ಟು, ಅಡುಗೆಮನೆಯ ಡ್ರಮ್ಮು, ಎಲ್ಲವನ್ನೂ ಚೆಲ್ಲಿದರು. ನಮ್ಮನೆಯವರು ಮೂಸುತ್ತಿದ್ದ ಮಡಕೆಯನ್ನೂ ಹಿತ್ತಲಿಗೆ ತಂದು ಬಗ್ಗಿಸಿದರು. ಕೊನೆಗೆ ಬಾನಿಯ ಬಿರಡೆ ಎಳೆದರು. ಕೆಂಚ ಎದ್ದು ಬಂದು ನೀರು ಹರಿದು ಹೋಗುವುದನ್ನೇ ನೋಡುತ್ತಾ ನಿಂತ. ನನಗೆ ಎದ್ದು ಹೋಗಿ ಬೇಡ ಅನ್ನಬೇಕೆನಿಸಿತು. ಆಗ ನೋಡಿದರೆ, ಅತ್ತಿಗೆ ಬಿರಡೆ ಮತ್ತೆ ಒತ್ತಿ, ನಲ್ಲಿಗೆ ಪೈಪು ಸಿಕ್ಕಿಸಿ ಬಾನಿಗೆ ಬಿಟ್ಟಿದ್ದರು. ಉಳಿದ ಪಾತ್ರೆಗಳೆಲ್ಲ ಕವುಚಿ ಬಿದ್ದಿದ್ದವು. ತುಂಬುವವರೆಗೂ ಅಲ್ಲೇ ನಿಂತು, “ಕುಡಿ. ನಿಮ್ಮಪ್ಪ ಬಂದು ಕೇಳುದ್ರೆ ನಾನೇನ್ ಏಳ್ಲಿ,” ಎಂದು ಅವನಿಗೆ ಗದರಿದರು.

ಆ ಮೇಲಿನ ತಿಂಗಳುಗಳಲ್ಲಿ ತೊಟ್ಟು ಬಿಡುವುದು ನನ್ನ ಪಾಲಿಗೆ ಬಂತು. ಕೆಂಚ ತಲೆಯೆತ್ತುತ್ತಿದ್ದ. ಆದರೆ ತೊಟ್ಟು ಬಿದ್ದ ಮೇಲೆ ನನ್ನ ಹಿಂದೆ ಬಾಗಿಲ ಕಡೆ ನೋಡುತ್ತಿದ್ದ. ಸಂಜೆ ಬಾನಿಯ ಪಕ್ಕದ ಕುರ್ಚಿಯ ಕೆಳಗೆ ಮಲಗುತ್ತಿದ್ದ. ಮಳೆಗೆ ಒದ್ದೆಯಾಗುತ್ತದೆಂದು ನಾನು ಕುರ್ಚಿ ಒಳಗಿಟ್ಟ ದಿನ ಅದು ಇದ್ದ ಜಾಗದಲ್ಲೇ ಮಲಗಿದ.

ಮಹಾಲಯ ಅಮಾವಾಸ್ಯೆ ಬಂತು. ತೀರಿಹೋದ ಹಿರಿಯರಿಗೆ ಅವರವರು ಇಷ್ಟಪಟ್ಟದ್ದನ್ನು ಮಾಡಿ ಎಡೆ ಇಡುವ ದಿನ. ಎಡೆ ಇಟ್ಟು, ದೀಪ ಹಚ್ಚಿ, ಬಾಗಿಲು ಮುಂದೆ ಮಾಡಿ ಎಲ್ಲರೂ ಹೊರಗೆ ಬಂದು ಕೂರಬೇಕು. ಹಿರಿಯರು ಬಂದು ಉಣ್ಣುವಾಗ ಯಾರೂ ನೋಡಬಾರದು. ಅತ್ತಿಗೆ ಬೆಳಿಗ್ಗೆಯೇ ಬಂದರು. “ಸತ್ತೋರ್ ಪೈಕಿ ಇವ್ನೇ ಒಸಬ. ದಾರಿ ಇನ್ನೂ ಮರ್ತಿರಲ್ಲ, ಬಂದೇ ಬತ್ತಾನೆ. ಒಂದೂ ಕಮ್ಮಿ ಮಾಡ್ಬ್ಯಾಡ,” ಎಂದು ಮುದ್ದೆ, ಮಟನ್ ಸಾರು, ವಡೆ, ಪಾಯಸ ಎಲ್ಲ ಮಾಡಿಸಿದರು. ತಮ್ಮನಿಗೆ ಡಾಕ್ಟರು ಬೇಡವೆಂದಿದ್ದ ಎಳನೀರನ್ನೂ ಕೆತ್ತಿಸಿ ತಂದಿದ್ದರು. ಮನೆ ತುಂಬ ನೆಂಟರು. ಆ ಓಡಾಟದಲ್ಲಿ ಕೆಂಚನ ಬೆಳಗಿನ ತೊಟ್ಟು ತಡವಾಯಿತು.

ಎಲೆ ತುಂಬಿತು. ನಾನು ಎಲೆಯ ಮುಂದೆ ನಿಂತು ನೋಡಿದೆ. ಇದರಲ್ಲಿ ಯಾವುದನ್ನೂ ಅವರು ಕೊನೆಯ ವರ್ಷಗಳಲ್ಲಿ ಬಯಸಿದ್ದು ನನಗೆ ನೆನಪಿರಲಿಲ್ಲ. ಅಡುಗೆಮನೆಗೆ ಹೋಗಿ ಅಟ್ಟದ ಮೇಲಿಂದ ಹಿತ್ತಾಳೆಯ ಕೊಳಗ ಇಳಿಸಿದೆ. ಹಿಂದೆ ಹಾಲು ಕರೆಯುತ್ತಿದ್ದ ಅಗಲ ಬಾಯಿಯ ಪಾತ್ರೆ. ಹುಣಸೆಹಣ್ಣಿನಲ್ಲಿ ಬೆಳಗಿ, ಮಡಕೆಯ ನೀರನ್ನು ಅಂಚಿನವರೆಗೆ ತುಂಬಿ, ಎರಡು ಕೈಯಲ್ಲಿ ಹಿಡಿದು ತಂದು ಎಲೆಯ ಪಕ್ಕ ಇಟ್ಟೆ.

ನೆಂಟರಲ್ಲಿ ಯಾರೋ, “ಎಡೆಗೆ ನೀರು ಲೋಟದಲ್ಲಿ ಇಡ್ತಾರಲ್ವಾ ಪದ್ಮಕ್ಕ,” ಅಂದರು.

ಅತ್ತಿಗೆ ಕೊಳಗವನ್ನು ನೋಡಿದರು. ನನ್ನನ್ನು ನೋಡಿದರು. “ಇಡ್ಲಿ ಬುಡು,” ಅಂದರು.

ಬಾಗಿಲು ಮುಂದೆ ಮಾಡಿ ನಾವೆಲ್ಲ ಹೊರಗೆ ಬಂದು ಗೇಟಿನವರೆಗೂ ಮೆಟ್ಟಿಲ ಮೇಲೆ, ಚಾಪೆಯ ಮೇಲೆ ಕೂತೆವು. ಬೀದಿಯಲ್ಲಿ ಎಲ್ಲರ ಮನೆಯ ಬಾಗಿಲೂ ಹಾಕಿತ್ತು. ಮೋಡ ಮುಚ್ಚಿತ್ತು. ನೆಂಟರು ಸೈಟಿನ ಮಾತು, ಸಂಬಂಧದ ಮಾತು ಆಡುತ್ತಿದ್ದರು. ಆಗ ಒಳಗಿನಿಂದ ಶಬ್ದ ಕೇಳಿಸಿತು.

ಲಪ್ ಲಪ್ ಎಂದು ಒಂದೇ ಸಮನೆ.

ಒಬ್ಬೊಬ್ಬರದಾಗಿ ಮಾತು ನಿಂತಿತು. ಕೆಂಚ ಅಂಗಳದಲ್ಲಿ ಇಲ್ಲ ಎಂಬುದು ನನಗೆ ಆಗ ಗೊತ್ತಾಯಿತು. ಜನ ಹೆಚ್ಚಾಗಿದ್ದಕ್ಕೆ ನಮ್ಮನೆಯವರ ಮಂಚದ ಕೆಳಗೆ ಹೋಗಿ ಮಲಗಿದ್ದಿರಬೇಕು, ಯಾರೂ ನೋಡದೆ ಬಾಗಿಲು ಹಾಕಿದ್ದೆವು. ಮಟನ್ ಸಾರಿನ ಎಲೆ ಅವನ ಮುಂದೆಯೇ ಇತ್ತು. ಅವನು ನೀರಿಗೇ ಹೋಗಿದ್ದ.

“ಅಯ್ಯೋ, ಎಡೆ ಮುಟ್ಟಿಬಿಟ್ಟ,” ಎಂದು ರಮ್ಯ ಎದ್ದಳು. ಬಾಗಿಲಿಗೆ ಕೈ ಹಾಕುವಷ್ಟರಲ್ಲಿ ಅತ್ತಿಗೆ ಅವಳ ಸೆರಗು ಹಿಡಿದು ಕೂರಿಸಿದರು.

“ಕೂತ್ಕೋ,” ಅಂದರು. ಅವರ ಮುಖ ಬಾಗಿಲ ಕಡೆಗೇ ಇತ್ತು. “ಕುಡೀಲಿ ಬುಡು. ಎಷ್ಟು ದಿನ ಆಗಿತ್ತೋ, ಒಟ್ಟೆ ತುಂಬಾ ಕುಡೀಲಿ.”

ಶಬ್ದ ಬಹಳ ಹೊತ್ತು ನಡೆಯಿತು. ನಾನು ಕಣ್ಣು ಮುಚ್ಚಿಕೊಂಡು ಕೇಳುತ್ತಾ ಕೂತಿದ್ದೆ. ಕೊಳಗದ ತಳಕ್ಕೆ ನಾಲಿಗೆ ತಾಗಿ ಹಿತ್ತಾಳೆ ಸಣ್ಣಗೆ ಸದ್ದು ಮಾಡುವವರೆಗೂ ಯಾರೂ ಎದ್ದು ಬಾಗಿಲು ತೆಗೆಯಲಿಲ್ಲ.